ಅಮೀಚಂದನ ಲೆಕ್ಕಕ್ಕೆ ಬಾರದ ನಷ್ಟ

ಪ್ಲಾಸಿ ಕದನದ ಕಥೆಯಲ್ಲಿ ಅಮೀಚಂದನಿಗೆ ಸಿಕ್ಕಿರುವುದು ಒಂದೇ ಒಂದು ದೃಶ್ಯ. 1757ರ ಜೂನ್ ಕೊನೆಯ ದಿನಗಳು, ಮುರ್ಷಿದಾಬಾದಿನಲ್ಲಿ ಲೇವಾದೇವಿಗಾರ ಜಗತ್ ಸೇಠನ ಮನೆ. ನವಾಬ ಸಿರಾಜುದ್ದೌಲನನ್ನು ಕೆಳಗಿಳಿಸಿದವರೆಲ್ಲ ಲೂಟಿಯ ಪಾಲು ಹಂಚಿಕೊಳ್ಳಲು ಕೂಡಿದ್ದಾರೆ. ತನ್ನ ಪಾಲಿನ 20 ಲಕ್ಷ ರೂಪಾಯಿಗಾಗಿ ಕಾದು ಕೂತ ಸಾಹುಕಾರ ಅಮೀಚಂದನಿಗೆ ಈಸ್ಟ್ ಇಂಡಿಯಾ ಕಂಪನಿಯ ಸೇನಾನಿ ಕ್ಲೈವನ ಸೂಚನೆಯಂತೆ ಅಧಿಕಾರಿ ಸ್ಕ್ರಾಫ್ಟನ್ ಹಿಂದುಸ್ತಾನಿಯಲ್ಲಿ ಸುದ್ದಿ ಮುಟ್ಟಿಸುತ್ತಾನೆ: ಕೆಂಪು ಕಾಗದದ ಕರಾರು ಬರೀ ನಾಟಕ, ನಿನಗೆ ಚಿಕ್ಕಾಸೂ ಇಲ್ಲ. ಸಾಹುಕಾರ ಮೂರ್ಛೆ ಬೀಳುತ್ತಾನೆ, ಆಳುಗಳು ಪಲ್ಲಕ್ಕಿಯಲ್ಲಿ ಹೊತ್ತೊಯ್ಯುತ್ತಾರೆ, ಅವನಿಗೆ ಬುದ್ಧಿಭ್ರಮಣೆಯಾಗುತ್ತದೆ, ಒಂದೂವರೆ ವರ್ಷದಲ್ಲಿ ಸಾಯುತ್ತಾನೆ. ಕಂಪನಿಯ ಇತಿಹಾಸಕಾರ ರಾಬರ್ಟ್ ಓರ್ಮ್ ಬರೆದ ಈ ಪ್ರಸಂಗವನ್ನು 1840ರಲ್ಲಿ ಮೆಕಾಲೆ ತನ್ನ ಕ್ಲೈವ್ ಪ್ರಬಂಧಕ್ಕೆ ಎತ್ತಿಕೊಂಡ. ಅಲ್ಲಿಂದ ಅದು ಶಾಲೆಯ ಪಾಠಗಳವರೆಗೂ ಇಳಿದು ಬಂತು. ದುರಾಸೆಯ ವ್ಯಾಪಾರಿಗೆ ಅವನಿಗಿಂತ ದೊಡ್ಡ ಠಕ್ಕ ಸಿಕ್ಕಿದ ಎಂದು ಓದುಗರು ಒಳಗೊಳಗೇ ತೃಪ್ತಿಪಡುವ ಕಥೆ ಇದು. ಆದರೆ ಅಮೀಚಂದ ತನ್ನ ಮಹತ್ವಾಕಾಂಕ್ಷೆಗೆ ತೆತ್ತ ಬೆಲೆಯನ್ನು ಇದು ತಪ್ಪು ಜಾಗದಲ್ಲಿ, ತಪ್ಪು ವರ್ಷದಲ್ಲಿ ಹುಡುಕುತ್ತದೆ. ಅವನು ನಿಜವಾಗಿ ಕಳೆದುಕೊಂಡದ್ದು 1756ರ ಜೂನ್‌ನಲ್ಲಿ, ಕಲ್ಕತ್ತೆಯ ತನ್ನ ಸ್ವಂತ ಮನೆಯೊಳಗೆ. ಆ ನಷ್ಟಕ್ಕೂ ಅವನ ವ್ಯಾಪಾರದ ರೀತಿಗೂ ಇರುವ ನಂಟನ್ನು ಬಿಡಿಸಿ ನೋಡಿದರೆ ಕೆಂಪು ಕಾಗದದ ಪ್ರಸಂಗವೂ ಬೇರೆಯಾಗಿ ಕಾಣುತ್ತದೆ.

ಅಮೀಚಂದ ಬಂಗಾಳಿಯಲ್ಲ. ಪಂಜಾಬಿ ಮೂಲದ ನಾನಕಪಂಥಿ. ಕಾಗದಪತ್ರಗಳಲ್ಲಿ ಅಮೀರ್‌ಚಂದ್, ಇಂಗ್ಲಿಷರ ಬಾಯಲ್ಲಿ ಒಮಿಚಂದ್. ಕಲ್ಕತ್ತೆಯ ಹಳೆಯ ಸೇಠರಲ್ಲೊಬ್ಬನಾದ ವೈಷ್ಣವದಾಸನ ಕೈಕೆಳಗೆ ಕೆಲಸ ಕಲಿತು, ಮುಂದೆ ಧಣಿಯನ್ನೇ ಮೀರಿಸಿ ಬೆಳೆದ. 1750ರ ಹೊತ್ತಿಗೆ ಅವನು ಕಲ್ಕತ್ತೆಯಲ್ಲಿ ನಲವತ್ತು ವರ್ಷ ಕಳೆದಿದ್ದನೆಂದು ಓರ್ಮ್ ಹೇಳುತ್ತಾನೆ. ಹಲವು ವಿಭಾಗಗಳ ವಿಶಾಲ ಮನೆ, ಒಂದೊಂದು ಕೆಲಸಕ್ಕೂ ಪ್ರತ್ಯೇಕ ಆಳುಗಳು, ಬಾಗಿಲಲ್ಲಿ ಸಂಬಳದ ಶಸ್ತ್ರಧಾರಿಗಳು. ಓರ್ಮ್‌ಗೆ ಅದು ವರ್ತಕನ ಮನೆಯಾಗಿರದೆ ಅರಸನ ಅರಮನೆಯಾಗಿ ಕಂಡಿತ್ತು. ಬಂಗಾಳ, ಬಿಹಾರಗಳ ಉದ್ದಕ್ಕೂ ಅವನ ವ್ಯವಹಾರ ಹರಡಿತ್ತು. ಸೋದರ ದೀಪಚಂದನೊಂದಿಗೆ ಬಿಹಾರದ ಪೆಟ್ಲುಪ್ಪು ಮತ್ತು ಅಫೀಮಿನಲ್ಲಿ ಕೈಯಿಟ್ಟಿದ್ದ. ಪೆಟ್ಲುಪ್ಪೆಂದರೆ ಮದ್ದಿನ ಪುಡಿಗೆ ಬೇಕಾದ ಮೂಲವಸ್ತು. ಯುರೋಪಿನ ಯುದ್ಧಗಳಿಗೆ ಬಿಹಾರದ ಪೆಟ್ಲುಪ್ಪು ಬೇಕೇ ಬೇಕಾಗಿದ್ದ ಕಾಲವದು. ಇದರ ಜೊತೆಗೆ ಕಂಪನಿಗೆ ಬಟ್ಟೆ ಒದಗಿಸುವ ದಾದನಿ ವ್ಯಾಪಾರ. ಕಂಪನಿ ಮುಂಗಡ ಕೊಡುತ್ತಿತ್ತು, ದಾದನಿ ವರ್ತಕ ಆ ಹಣವನ್ನು ನೇಕಾರರಿಗೆ ಹಂಚಿ, ಒಪ್ಪಿದ ಗಡುವಿಗೆ ಒಪ್ಪಿದ ಗುಣಮಟ್ಟದ ಬಟ್ಟೆ ತಂದುಕೊಡಬೇಕಿತ್ತು. ಇಂಗ್ಲಿಷರಿಗೆ ಊರಿನ ಒಳಭಾಗದ ಭಾಷೆ ತಿಳಿಯದು, ನೇಕಾರರ ಸಾಲಸೋಲ ತಿಳಿಯದು, ನವಾಬನ ದರ್ಬಾರಿನ ಒಳಸುಳಿಗಳಂತೂ ದೂರದ ಮಾತು. ಅಮೀಚಂದನಿಗೆ ಮೂರೂ ತಿಳಿದಿತ್ತು. ಮುರ್ಷಿದಾಬಾದಿನ ಅಧಿಕಾರಿಗಳಿಗೆ ಕಾಣಿಕೆ ಕೊಟ್ಟು, ಅವರ ಕೆಲಸ ಮಾಡಿಕೊಟ್ಟು ಅಲ್ಲಿ ಎಷ್ಟು ಬೇರು ಬಿಟ್ಟಿದ್ದನೆಂದರೆ, ನವಾಬನೊಂದಿಗೆ ತಕರಾರು ಬಂದಾಗಲೆಲ್ಲ ಕಂಪನಿ ಇವನನ್ನೇ ಮಧ್ಯಸ್ಥಿಕೆಗೆ ಕಳಿಸುತ್ತಿತ್ತು. ಬಟ್ಟೆ, ಪೆಟ್ಲುಪ್ಪು, ಅಫೀಮುಗಳಿಗಿಂತ ಬೆಲೆಬಾಳುವ ಸರಕು ಅವನ ಬಳಿ ಇದ್ದದ್ದು ಇಲ್ಲಿ. ಒಬ್ಬರನ್ನೊಬ್ಬರು ನಂಬದ ಎರಡು ಅಧಿಕಾರಗಳ ನಡುವೆ ಇಬ್ಬರಿಗೂ ಬೇಕಾದವನಾಗಿ ನಿಲ್ಲುವುದು ಅವನ ಅಸಲು ಬಂಡವಾಳವಾಗಿತ್ತು.

ಆ ಬಂಡವಾಳ ಎಷ್ಟು ದೂರದವರೆಗೆ ಚಲಾವಣೆಯಾಗುತ್ತಿತ್ತು ಎಂಬುದಕ್ಕೆ ಲಂಡನ್ನಿನ ಚಾನ್ಸರಿ ನ್ಯಾಯಾಲಯದ ಒಂದು ಮೊಕದ್ದಮೆ ಸಾಕ್ಷಿ. ಕಾನೂನು ಓದಿದವರಿಗೆ ಅದು ಒಮಿಚಂದ್–ಬಾರ್ಕರ್ ಪ್ರಕರಣವೆಂದು ಪರಿಚಿತ. ಅದರ ಫಿರ್ಯಾದಿ ಈ ಅಮೀಚಂದನೇ ಎಂಬುದು ಸಾಮಾನ್ಯವಾಗಿ ಒಪ್ಪಿರುವ ಸಂಗತಿ. ಬಾರ್ಕರ್ ಎಂಬ ಇಂಗ್ಲಿಷನಿಂದ ಬರಬೇಕಾದ ಸಾಲದ ವಸೂಲಿಗೆ ಸಂಬಂಧಿಸಿದ ದಾವೆ ಅದು. ಕಲ್ಕತ್ತೆಯಲ್ಲಿ ಹಿಂದೂ ಸಾಕ್ಷಿಗಳ ಹೇಳಿಕೆ ಪಡೆದಾಗ ಅವರು ತಮ್ಮ ಪದ್ಧತಿಯಂತೆ ಬ್ರಾಹ್ಮಣನ ಪಾದ ಮುಟ್ಟಿ ಪ್ರಮಾಣ ಮಾಡಿದ್ದರು. ಬೈಬಲ್ ಮುಟ್ಟದವನ ಆಣೆಗೆ ಇಂಗ್ಲಿಷ್ ನ್ಯಾಯಾಲಯದಲ್ಲಿ ಬೆಲೆಯಿದೆಯೇ ಎಂಬ ಪ್ರಶ್ನೆ ಎದ್ದಿತು. 1744ರಲ್ಲಿ ಲಾರ್ಡ್ ಚಾನ್ಸಲರ್ ಹಾರ್ಡ್‌ವಿಕ್, ಹಿರಿಯ ನ್ಯಾಯಾಧೀಶರನ್ನು ಜೊತೆಗೆ ಕೂರಿಸಿಕೊಂಡು, ಇದೆ ಎಂದು ತೀರ್ಪಿತ್ತ. ಸುಳ್ಳಾಡಿದವನನ್ನು ದಂಡಿಸುವ ದೈವವೊಂದಿದೆ ಎಂದು ನಂಬಿದವನು ತನ್ನ ಧರ್ಮದ ರೀತಿಯಲ್ಲೇ ಆಣೆಯಿಟ್ಟರೆ ಸಾಕು ಎಂಬುದು ಆ ತೀರ್ಪಿನ ತಿರುಳು. ಜಗತ್ತಿನ ವ್ಯಾಪಾರ ನಡೆಯಬೇಕಾದರೆ ಇದನ್ನು ಒಪ್ಪದೆ ಗತ್ಯಂತರವಿಲ್ಲ ಎಂಬ ವಾದವೂ ಅಲ್ಲಿ ನಡೆದಿತ್ತು. ಹೀಗೆ ಕಲ್ಕತ್ತೆಯ ವರ್ತಕನೊಬ್ಬನ ಬಾಕಿ ವಸೂಲಿಯ ನೆಪದಲ್ಲಿ ಸಾವಿರಾರು ಮೈಲಿ ದೂರದ ನ್ಯಾಯಪೀಠವೊಂದು ಪರಧರ್ಮೀಯನ ಮಾತಿಗೆ ಮಾನ್ಯತೆ ಕೊಟ್ಟಿತು. ಇದಾದ ಹದಿಮೂರು ವರ್ಷಕ್ಕೆ ಅದೇ ಬಗೆಯ ಆಣೆಯನ್ನು ಅಮೀಚಂದನೇ ಏನು ಮಾಡಿದನೆಂಬುದು ಮುಂದೆ ಬರುತ್ತದೆ.

1753ರಲ್ಲಿ ಕಂಪನಿ ದಾದನಿ ಪದ್ಧತಿಯನ್ನು ಕೈಬಿಟ್ಟಿತು. ವರ್ತಕರು ಬೆಲೆ ಏರಿಸುತ್ತಿದ್ದಾರೆ, ಬಟ್ಟೆಯ ಗುಣಮಟ್ಟ ಇಳಿಯುತ್ತಿದೆ ಎಂಬುದು ಕೊಟ್ಟ ಕಾರಣ. ಇನ್ನು ಮುಂದೆ ಕಂಪನಿಯ ಸಂಬಳ ತಿನ್ನುವ ಗುಮಾಸ್ತರು ನೇರವಾಗಿ ಅರಂಗ್‌ಗಳಿಗೆ, ಅಂದರೆ ನೇಕಾರರ ಊರುಗಳಿಗೆ, ಹೋಗಿ ಖರೀದಿಸುವುದೆಂದಾಯಿತು. ಇದರಿಂದ ಪೆಟ್ಟು ತಿಂದವನು ಅಮೀಚಂದನೊಬ್ಬನೇ ಅಲ್ಲ. ಆದರೆ ದೊಡ್ಡ ಪಾಲು ಅವನದಾಗಿದ್ದರಿಂದ ಪೆಟ್ಟೂ ದೊಡ್ಡದಾಗಿತ್ತು. ಸಾಧಾರಣ ವರ್ತಕನಾಗಿದ್ದರೆ ಪೆಟ್ಲುಪ್ಪಿನ ಲಾಭದಲ್ಲಿ ಸುಖವಾಗಿರಬಹುದಿತ್ತು. ಹಣದ ಕೊರತೆ ಅವನಿಗೆ ಬಂದಿರಲಿಲ್ಲ, ಬಂದದ್ದು ಮಹತ್ವದ ಕೊರತೆ. ತಾನಿಲ್ಲದೆ ಕಲ್ಕತ್ತೆಯಲ್ಲಿ ಯಾವುದೂ ನಡೆಯದು ಎಂಬ ಸ್ಥಿತಿಯನ್ನು ಮರಳಿ ಕಟ್ಟುವುದು ಅಲ್ಲಿಂದಾಚೆ ಅವನ ಗುರಿಯಾಯಿತೆಂದು ಇಂಗ್ಲಿಷರು ಭಾವಿಸಿದರು. ಅವರ ಭಾವನೆ ನಿಜವೇ ಎಂದು ಅಳೆಯಲು ಅವನ ಮನಸ್ಸಿನ ಬಾಗಿಲು ನಮಗೆ ತೆರೆದಿಲ್ಲ. ಆದರೆ ಹಾಗೆ ಭಾವಿಸಿದ್ದರೆಂಬುದೇ ಒಂದು ಘಟನೆ, ಮತ್ತು ಅದರ ಫಲ ಮೂರು ವರ್ಷದಲ್ಲಿ ಕೈಗೆ ಬಂತು.

1756ರ ವಸಂತದಲ್ಲಿ ಢಾಕಾದ ಪ್ರಬಲ ಅಧಿಕಾರಿ ರಾಜಬಲ್ಲಭನ ಮಗ ಕೃಷ್ಣದಾಸ ತನ್ನ ಕುಟುಂಬ ಮತ್ತು ಸಂಪತ್ತಿನೊಂದಿಗೆ ಕಲ್ಕತ್ತೆಗೆ ಓಡಿಬಂದ. ರಾಜಬಲ್ಲಭ ಸಿರಾಜನ ವಿರೋಧಿ ಬಣದವನು. ಹೀಗೆ ಬಂದವನಿಗೆ ಇಳಿದುಕೊಳ್ಳಲು ಮನೆ ಕೊಟ್ಟವನು ಅಮೀಚಂದ. ಏಪ್ರಿಲ್‌ನಲ್ಲಿ ಮುದಿ ನವಾಬ ಅಲಿವರ್ದಿ ತೀರಿಕೊಂಡು ಮೊಮ್ಮಗ ಸಿರಾಜ ಪಟ್ಟಕ್ಕೆ ಬಂದ. ಕೃಷ್ಣದಾಸನನ್ನು ಒಪ್ಪಿಸಿ ಎಂಬ ಪತ್ರ ಹಿಡಿದು ನವಾಬನ ಬೇಹುಗಾರಿಕೆಯ ಮುಖ್ಯಸ್ಥ ರಾಜಾರಾಮನ ತಮ್ಮ ನಾರಾಯಣ ಸಿಂಗ್ ಮಾರುವೇಷದಲ್ಲಿ ಕಲ್ಕತ್ತೆ ಹೊಕ್ಕ. ಅವನೂ ನೇರ ಹೋದದ್ದು ಅಮೀಚಂದನ ಮನೆಗೆ. ಅಮೀಚಂದನೇ ಅವನನ್ನು ಇಂಗ್ಲಿಷ್ ಅಧಿಕಾರಿಗಳಿಗೆ ಪರಿಚಯಿಸಿದ. ಓಡಿಬಂದವನಿಗೂ ಆಶ್ರಯ, ಅವನನ್ನು ಹಿಡಿಯಲು ಬಂದವನಿಗೂ ಆತಿಥ್ಯ. ಗವರ್ನರ್ ಡ್ರೇಕ್ ಮತ್ತವನ ಕೌನ್ಸಿಲ್ ಇದನ್ನು ನೋಡಿ ತೆಗೆದ ತೀರ್ಮಾನ ಸೋಜಿಗದ್ದು: ಇಡೀ ಪ್ರಸಂಗವೇ ಅಮೀಚಂದ ಹೂಡಿದ ಆಟ, ನಮ್ಮನ್ನು ಹೆದರಿಸಿ ತನ್ನ ಮಧ್ಯಸ್ಥಿಕೆಯ ಬೆಲೆ ಏರಿಸಿಕೊಳ್ಳುವ ಹೂಟ. ಪತ್ರವನ್ನು ಸ್ವೀಕರಿಸದೆ ನಾರಾಯಣ ಸಿಂಗನನ್ನು ಅವಮಾನಿಸಿ ಊರಾಚೆ ಅಟ್ಟಿದರು. ಆದರೆ ಪತ್ರ ನಿಜವಾದದ್ದೇ ಆಗಿತ್ತು, ತಂದವನು ನವಾಬನ ನಿಜವಾದ ದೂತನೇ ಆಗಿದ್ದ. ಆ ಅವಮಾನ ಸಿರಾಜ ಕಲ್ಕತ್ತೆಯ ಮೇಲೆ ಏರಿಬರಲು ಕಾರಣಗಳಲ್ಲೊಂದಾಯಿತು. ನಲವತ್ತು ವರ್ಷ ನಂಬಿಕೆಯ ದಲ್ಲಾಳಿಯಾಗಿದ್ದವನು ಒಂದು ನಿಜವಾದ ಪತ್ರವನ್ನು ತಂದರೂ, ತಂದವನು ಅವನೆಂಬ ಒಂದೇ ಕಾರಣಕ್ಕೆ ಅದು ಸುಳ್ಳೆನಿಸಿತು. ನನ್ನ ಮಟ್ಟಿಗೆ ಅಮೀಚಂದನ ದಿವಾಳಿ ಶುರುವಾದದ್ದು ಈ ಏಪ್ರಿಲ್‌ನಲ್ಲಿ; ಪೆಟ್ಟಿಗೆಯಲ್ಲಿ ರೂಪಾಯಿಗಳು ಹಾಗೇ ಇದ್ದವು, ಮಾತಿನ ಪತ್ತು ಮುಗಿದಿತ್ತು.

ಜೂನ್ 13ರಂದು ಇಂಗ್ಲಿಷರ ಕೈಗೆ ಇನ್ನೊಂದು ಪತ್ರ ಸಿಕ್ಕಿತು. ರಾಜಾರಾಮ ಅಮೀಚಂದನಿಗೆ ಗುಟ್ಟಾಗಿ ಬರೆದದ್ದು. ಆಸ್ತಿಪಾಸ್ತಿಯನ್ನು ಬೇಗ ಕಲ್ಕತ್ತೆಯಿಂದಾಚೆ ಸಾಗಿಸಿಕೋ ಎಂಬ ಎಚ್ಚರಿಕೆ ಅದರಲ್ಲಿತ್ತು. ನವಾಬನ ದಂಡು ಆಗಲೇ ದಾರಿಯಲ್ಲಿತ್ತು. ಅಮೀಚಂದನನ್ನು ಹಿಡಿದು ಕೋಟೆಯೊಳಗೆ ಕೂಡಿಹಾಕಿದರು. ಅವನ ವ್ಯವಹಾರ ನೋಡಿಕೊಳ್ಳುತ್ತಿದ್ದ ಭಾವಮೈದುನ ಹಜಾರಿಮಲ್ಲನನ್ನೂ ಹಿಡಿಯಲು ಹೋದಾಗ ಅವನು ಹೆಂಗಸರ ಕೋಣೆಗಳಲ್ಲಿ ಅಡಗಿಕೊಂಡ. ಕಂಪನಿಯ ಸಿಪಾಯಿಗಳು ಮನೆಗೆ ನುಗ್ಗಲು ನೋಡಿದರು, ಅಮೀಚಂದನ ಸುಮಾರು 300 ಪೇದೆಗಳು ತಡೆದರು, ಎರಡೂ ಕಡೆ ಹೆಣಗಳು ಬಿದ್ದವು. ಸಿಪಾಯಿಗಳು ಒಳಗೆ ಬಂದೇ ಬರುತ್ತಾರೆ ಎನಿಸಿದಾಗ ಪೇದೆಗಳ ಜಮಾದಾರ ಮನೆಗೆ ಬೆಂಕಿಯಿಟ್ಟ. ಹೆಂಗಸರು ಪರರ ಕೈಗೆ ಸಿಗಬಾರದೆಂದು ಒಳಗೆ ಹೋಗಿ ಹದಿಮೂರು ಮಂದಿಯನ್ನು ತನ್ನ ಕೈಯಾರೆ ಕೊಂದ. ಆಮೇಲೆ ತನ್ನನ್ನೂ ಇರಿದುಕೊಂಡ, ಸಾಯಲಿಲ್ಲ. ಹದಿಮೂರು ಎಂಬ ಸಂಖ್ಯೆಯನ್ನು ಓರ್ಮ್ ಕೇಳಿದ ಮಾತಾಗಿ ಕೊಡುತ್ತಾನೆ, ನೋಡಿದ ಮಾತಾಗಿ ಅಲ್ಲ. ಹಾಗಾಗಿ ಒಂದೆರಡು ಹೆಚ್ಚುಕಡಿಮೆ ಇದ್ದೀತು. ಮನೆ ಸುಟ್ಟದ್ದಾಗಲಿ, ಹೆಂಗಸರ ಕೊಲೆಯಾಗಲಿ ಅನುಮಾನದ ಸಂಗತಿಯಲ್ಲ. ಅವರಲ್ಲಿ ಒಬ್ಬರ ಹೆಸರೂ ಓರ್ಮ್‌ನ ಪುಟಗಳಲ್ಲಿ ಇಲ್ಲ. ಹೆಂಡತಿಯೋ ಸೊಸೆಯೋ ಮಗಳೋ, ಯಾರ್ಯಾರು ಎಂದು ಬರೆಯುವ ಗೋಜಿಗೆ ಅವನು ಹೋಗಿಲ್ಲ. ಗಾಯಗೊಂಡ ಆ ಜಮಾದಾರ ನವಾಬನ ದಂಡನ್ನು ಸೇರಿ, ಊರಿನ ಪೂರ್ವದ ಕಡೆ ಕಾವಲು ಸಡಿಲವಿರುವುದನ್ನು ತಿಳಿಸಿದನೆಂದೂ ಅದೇ ಓರ್ಮ್ ಬರೆಯುತ್ತಾನೆ. ಜೂನ್ 20ರಂದು ಇಂಗ್ಲಿಷರ ಕೋಟೆ ಫೋರ್ಟ್ ವಿಲಿಯಂ ಬಿತ್ತು.

ಇಲ್ಲೊಂದು ಆಕ್ಷೇಪ ಸಹಜ. ಮನೆಗೆ ಸಿಪಾಯಿಗಳನ್ನು ನುಗ್ಗಿಸಿದ್ದು ಕಂಪನಿ, ಕತ್ತಿ ಎತ್ತಿದ್ದು ಜಮಾದಾರ, ಹೆಣ್ಣಿನ ಪ್ರಾಣಕ್ಕಿಂತ ಮನೆತನದ ಮಾನ ದೊಡ್ಡದೆಂದು ಕಲಿಸಿದ್ದು ಅಂದಿನ ಸಮಾಜ. ಕೋಟೆಯೊಳಗೆ ಸೆರೆಯಲ್ಲಿದ್ದವನನ್ನು ಇದಕ್ಕೆ ಹೊಣೆ ಮಾಡುವುದು ಹೇಗೆ? ಕೊಲೆಯ ಹೊಣೆ ಅವನದಲ್ಲ ಎಂಬುದನ್ನು ಒಪ್ಪಲೇಬೇಕು. ಡ್ರೇಕನ ಕೌನ್ಸಿಲ್ ಅಂಜುಬುರುಕತನ ಮತ್ತು ದುಡುಕುಗಳೆರಡನ್ನೂ ಒಟ್ಟಿಗೆ ತೋರಿದ ಕೂಟ. ನವಾಬನ ಫಿರಂಗಿಗಳು ಬರುವ ಮುಂಚೆಯೇ ಊರಿನ ಅತಿ ದೊಡ್ಡ ವರ್ತಕನ ಮನೆಯ ಮೇಲೆ ಬಿದ್ದ ಅದರ ವಿವೇಕವನ್ನು ಇಂಗ್ಲಿಷ್ ಇತಿಹಾಸಕಾರರೂ ಹೊಗಳಿಲ್ಲ. ಆದರೆ ಬೆಲೆ ಎಂಬುದು ಹೊಣೆಗಿಂತ ಬೇರೆ. ಸಿಪಾಯಿಗಳು ಬೇರೆ ದಾದನಿ ವರ್ತಕರ ಮನೆಗಳಿಗೆ ಹೋಗಲಿಲ್ಲ. ಅವರಿಗೂ ದರ್ಬಾರಿನಲ್ಲಿ ಗೆಳೆಯರಿದ್ದರು, ಅವರಿಗೂ ಸಂಪತ್ತಿತ್ತು. ರಾಜಾರಾಮನ ಎಚ್ಚರಿಕೆಯ ಪತ್ರ ಬಂದದ್ದು ಅಮೀಚಂದನಿಗೆ, ಏಕೆಂದರೆ ದಾಳಿ ಮಾಡುವವನ ಬೇಹುಗಾರನೊಂದಿಗೂ ದಾಳಿಗೊಳಗಾಗುವವರೊಂದಿಗೂ ಏಕಕಾಲಕ್ಕೆ ಸಲಿಗೆ ಉಳಿಸಿಕೊಂಡವನು ಅವನು. ಆ ಸಲಿಗೆ ಅವನಿಗೆ ದಶಕಗಳ ಕಾಲ ಲಾಭ ತಂದಿತ್ತು. ಅದರ ಅಪಾಯದ ಪಾಲು ಮಾತ್ರ, ಆ ವ್ಯವಹಾರದಲ್ಲಿ ಬಾಯಿ ಹಾಕಲು ಯಾವ ಹಕ್ಕೂ ಇಲ್ಲದ ಒಳಕೋಣೆಯ ಹೆಂಗಸರ ಮೇಲೆ ಬಿತ್ತು. ದೊಡ್ಡ ವರ್ತಕನ ಮನೆಯೇ ಅವನ ಕಚೇರಿ, ಉಗ್ರಾಣ, ಕೋಟೆ, ರಾಯಭಾರದ ಛಾವಡಿ ಎಲ್ಲವೂ ಆಗಿದ್ದ ಕಾಲ. ದೂತರು ಇಳಿದುಕೊಳ್ಳುತ್ತಿದ್ದ ಮನೆಯಲ್ಲೇ ಮಕ್ಕಳು ಮಲಗುತ್ತಿದ್ದವು.

ಕೋಟೆ ಬಿದ್ದ ಮೇಲೆ ಸಿರಾಜ ಅಮೀಚಂದನನ್ನು ಸೆರೆಯಿಂದ ಬಿಡಿಸಿ ಮರ್ಯಾದೆಯಿಂದಲೇ ಮಾತಾಡಿಸಿದ. ಆದರೆ ನವಾಬನ ಕಡೆಯವರು ಅವನ ಮನೆಯಿಂದ ಸುಮಾರು 4 ಲಕ್ಷ ರೂಪಾಯಿ ನಗದನ್ನು ದೋಚಿದ್ದರು. ಮುಂದಿನ ನಡೆಯನ್ನು ಇಟ್ಟುಕೊಂಡೇ ಅಮೀಚಂದನ ನಿರ್ದಯತೆಯನ್ನು ತೂಗಬೇಕು. 1757ರ ಜನವರಿ 2ರಂದು ಕ್ಲೈವ್ ಮತ್ತು ಅಡ್ಮಿರಲ್ ವಾಟ್ಸನ್ ಕಲ್ಕತ್ತೆಯನ್ನು ಮರಳಿ ಹಿಡಿದರು. ಫೆಬ್ರವರಿ 9ರಂದು ನವಾಬನಿಗೂ ಕಂಪನಿಗೂ ಅಲಿನಗರದ ಒಪ್ಪಂದವಾಯಿತು. ತನ್ನನ್ನು ಸೆರೆಗೆ ತಳ್ಳಿ ಮನೆಯನ್ನು ಮುತ್ತಿದ ಕಂಪನಿಯ ಪರವಾಗಿ ಅದೇ ತಿಂಗಳು ಅಮೀಚಂದ ವಾಟ್ಸ್ ಎಂಬ ಅಧಿಕಾರಿಯ ಜೊತೆ ನವಾಬನ ದರ್ಬಾರಿಗೆ ಹೊರಟ. ಇಂಗ್ಲಿಷರು ಮಾತು ಮುರಿಯುತ್ತಾರೆಯೇ ಎಂದು ಸಿರಾಜ ಕೇಳಿದಾಗ, ಬ್ರಾಹ್ಮಣನ ಪಾದ ಮುಟ್ಟಿ, ಎಂದಿಗೂ ಮುರಿಯರೆಂದು ಆಣೆಯಿಟ್ಟ. ಲಂಡನ್ನಿನ ನ್ಯಾಯಪೀಠ ಎತ್ತಿಹಿಡಿದ ಅದೇ ಆಣೆ. ಒಂದು ತಿಂಗಳಲ್ಲಿ, ಮಾರ್ಚ್ 23ರಂದು, ಇಂಗ್ಲಿಷರು ಫ್ರೆಂಚರ ಚಂದನನಗರವನ್ನು ಹಿಡಿದರು. ನಾಲ್ಕು ತಿಂಗಳಲ್ಲಿ ನವಾಬನನ್ನೇ ಮುಗಿಸಿದರು. ಈ ನಡುವೆ ಅಮೀಚಂದ ಕಲ್ಕತ್ತೆಯಲ್ಲಿ ಹೋಗಿದ್ದ ತನ್ನ ಹಣವನ್ನು ಹಿಂದಿರುಗಿಸುವಂತೆ ಸಿರಾಜನಿಂದಲೇ ಅಪ್ಪಣೆ ಹೊರಡಿಸಿಕೊಂಡ, ಅದರ ಬೆನ್ನಿಗೇ ಸಿರಾಜನ ಜಾಗಕ್ಕೆ ಅವನ ಸೇನಾನಿ ಯಾರ್ ಲುತ್ಫ್ ಖಾನನನ್ನು ತರುವ ಮಾತನ್ನೂ ಇಂಗ್ಲಿಷರಿಗೆ ಮುಟ್ಟಿಸಿದ. ಅಷ್ಟರಲ್ಲಿ ಇನ್ನೊಬ್ಬ ಸೇನಾನಿ ಮೀರ್ ಜಾಫರ್ ತಾನೇ ಉಮೇದುವಾರನಾಗಿ ಎದ್ದ, ಮಾತುಕತೆ ಅಮೀಚಂದನನ್ನು ಬದಿಗಿಟ್ಟು ಮುಂದೆ ಹೋಯಿತು. ಮೀರ್ ಜಾಫರನಿಗೆ ಈ ಸಾಹುಕಾರನ ನೆರಳೂ ಬೇಡವಾಗಿತ್ತು.

ಆಗ ಬಂತು ಅಮೀಚಂದನ ಬೇಡಿಕೆ: ನವಾಬನ ಬೊಕ್ಕಸದಲ್ಲಿ ಸಿಗುವ ಹಣಕ್ಕೆ ಶೇಕಡಾ 5, ಒಡವೆಗಳಲ್ಲಿ ಕಾಲುಭಾಗ, ಇಲ್ಲವಾದರೆ ಪಿತೂರಿಯ ಗುಟ್ಟು ಸಿರಾಜನ ಕಿವಿ ಸೇರುತ್ತದೆ. ಇಂಗ್ಲಿಷ್ ಬರಹಗಾರರು ಇದನ್ನು ರಾಕ್ಷಸೀ ಬೆದರಿಕೆಯೆಂದು ವರ್ಣಿಸಿದ್ದಾರೆ. ಬೆದರಿಕೆಯಂತೂ ಹೌದು, ಗುಟ್ಟು ಬಯಲಾಗಿದ್ದರೆ ಮುರ್ಷಿದಾಬಾದಿನಲ್ಲಿದ್ದ ವಾಟ್ಸನ ತಲೆ ಉಳಿಯುತ್ತಿರಲಿಲ್ಲ. ಆದರೆ ಬೇಡಿಕೆಯ ರೂಪವನ್ನು ಗಮನಿಸಿ. ಅದು ದಲ್ಲಾಳಿಯ ಶೇಕಡಾವಾರು. ಪಟ್ಟ ಬದಲಿಸುವುದನ್ನು ಅಮೀಚಂದ ಒಂದು ವ್ಯವಹಾರವಾಗಿ ಕಂಡು, ಅದಕ್ಕೆ ತನ್ನ ಕಮಿಷನ್ ಹಚ್ಚಿದ್ದ. ಮೇ 17ರಂದು ಕಲ್ಕತ್ತೆಯಲ್ಲಿ ಸೇರಿದ ಕಂಪನಿಯ ಆಯ್ಕೆ ಸಮಿತಿ ಎರಡು ಕರಾರುಗಳನ್ನು ಮಾಡುವ ಉಪಾಯ ಹೂಡಿತು. ಬಿಳಿ ಕಾಗದದ್ದು ನಿಜವಾದದ್ದು, ಅದರಲ್ಲಿ ಅಮೀಚಂದನ ಹೆಸರಿಲ್ಲ. ಕೆಂಪು ಕಾಗದದ್ದು ಅವನಿಗೆ ತೋರಿಸಲು, ಅದರಲ್ಲಿ 20 ಲಕ್ಷ. ಅಡ್ಮಿರಲ್ ವಾಟ್ಸನ್ ಕೆಂಪು ಕಾಗದಕ್ಕೆ ಸಹಿ ಹಾಕಲು ಒಪ್ಪಲಿಲ್ಲ. ವಾಟ್ಸನ್ ಸಹಿಯಿಲ್ಲದಿದ್ದರೆ ಸಾಹುಕಾರನಿಗೆ ಅನುಮಾನ ಬರುವುದು ಖಂಡಿತ. ಆದ್ದರಿಂದ ಕ್ಲೈವನ ಅಪ್ಪಣೆಯಂತೆ ಹೆನ್ರಿ ಲಷಿಂಗ್ಟನ್ ಎಂಬವನು ಆ ಹೆಸರನ್ನು ಬರೆದ. ಇಲ್ಲೊಂದು ವಿಚಿತ್ರ ಲೆಕ್ಕವಿದೆ. ಮುರ್ಷಿದಾಬಾದಿನ ಬೊಕ್ಕಸದಲ್ಲಿ 40 ಕೋಟಿ ಇದೆಯೆಂಬುದು ಅಂದಿನ ವದಂತಿ. ಬಾಗಿಲು ತೆರೆದು ನೋಡಿದಾಗ ಇದ್ದದ್ದು ಸುಮಾರು ಒಂದೂವರೆ ಕೋಟಿ. ಅಮೀಚಂದ ಕೇಳಿದ ಶೇಕಡಾ 5ನ್ನು ಪ್ರಾಮಾಣಿಕವಾಗಿ ಕೊಟ್ಟಿದ್ದರೂ ನಗದಿನ ಲೆಕ್ಕದಲ್ಲಿ ಏಳೂವರೆ ಲಕ್ಷ ದಾಟುತ್ತಿರಲಿಲ್ಲ, ಅಂದರೆ ಸುಳ್ಳು ಕಾಗದದಲ್ಲಿ ಬರೆದದ್ದರ ಅರ್ಧಕ್ಕಿಂತ ಕಡಿಮೆ. ಕ್ಲೈವನೊಬ್ಬನಿಗೇ ಪ್ಲಾಸಿಯಿಂದ ಬಂದದ್ದು 2,34,000 ಪೌಂಡ್. ಫೋರ್ಜರಿಯಿಂದ ಕಂಪನಿ ಉಳಿಸಿದ್ದು ಹಾಗೆ ನೋಡಿದರೆ ಪುಡಿಗಾಸು.

ಇಷ್ಟು ಹೇಳಿದ ಮೇಲೆ, ಅವರೆಲ್ಲ ಒಂದೇ ಗರಡಿಯವರಲ್ಲವೇ, ಅಮೀಚಂದನನ್ನು ಮಾತ್ರ ನಿರ್ದಯಿ ಎನ್ನುವುದೇಕೆ ಎಂದು ಯಾರಾದರೂ ಕೇಳಬಹುದು. ಈ ಪ್ರಶ್ನೆಯಲ್ಲಿ ಸತ್ವವಿದೆ. ದೇಶದ್ರೋಹಿಯೆಂಬ ಪಟ್ಟ ಅವನಿಗೆ ಹೊಂದದು. ಮೀರ್ ಜಾಫರನನ್ನೂ ಶ್ರೀರಂಗಪಟ್ಟಣದ ಮೀರ್ ಸಾದಿಕನನ್ನೂ ಒಂದೇ ಉಸಿರಿನಲ್ಲಿ ಹೇಳುವ ನಮ್ಮ ರೂಢಿಯನ್ನು ಇವನವರೆಗೆ ಎಳೆಯುವುದು ಸರಿಯಲ್ಲ. ಅವರು ಅರಸನ ಅನ್ನ ತಿಂದ ಅಧಿಕಾರಿಗಳು, ಇವನು ಪಂಜಾಬಿನಿಂದ ಬಂದು ಬಂಗಾಳದಲ್ಲಿ ಎರಡು ಸರ್ಕಾರಗಳೊಡನೆ ವ್ಯಾಪಾರ ಮಾಡಿದವನು. ಜಗತ್ ಸೇಠರು ಪಿತೂರಿಯಲ್ಲಿ ಇವನಿಗಿಂತ ಆಳವಾಗಿದ್ದರು. ಆದರೆ ಅವರ ಬಲ ಟಂಕಸಾಲೆಯಲ್ಲಿ, ಕಂದಾಯದ ಹಣ ದಿಲ್ಲಿಗೆ ಹೋಗುವ ಹುಂಡಿಗಳಲ್ಲಿ ನೆಲೆಗೊಂಡಿತ್ತು. ಯಾರು ನವಾಬನಾದರೂ ಅವರು ಬೇಕಿತ್ತು. ಕಾಗದದಲ್ಲಿ ಪಾಲು ಬರೆಸಿಕೊಳ್ಳುವ ಅವಸರ ಅವರಿಗಿರಲಿಲ್ಲ. ಅಮೀಚಂದನಿಗಾದರೋ ಎರಡು ಅಧಿಕಾರಗಳ ನಡುವಿನ ಅಂತರವೇ ಜೀವನಾಧಾರ. ಒಂದು ಅಧಿಕಾರ ಇನ್ನೊಂದನ್ನು ನುಂಗುವ ವ್ಯವಹಾರಕ್ಕೆ ತಾನೇ ಕೈಹಾಕಿದಾಗ, ತನ್ನ ಅಂಗಡಿಯ ನೆಲವನ್ನೇ ಅಗೆಯುತ್ತಿದ್ದೇನೆಂಬ ಅರಿವು ಅಷ್ಟು ಚತುರನಿಗೆ ಹೊಳೆಯದಿದ್ದದ್ದು ಅಚ್ಚರಿ. ಪ್ಲಾಸಿಯ ನಂತರ ಬಂಗಾಳದಲ್ಲಿ ಅಂಥ ಮಧ್ಯಸ್ಥನ ಕೆಲಸವೇ ಇರಲಿಲ್ಲ. ಕಂಪನಿಯೇ ನವಾಬರನ್ನು ಕೂರಿಸತೊಡಗಿತ್ತು. ಜಗತ್ ಸೇಠರೂ ಉಳಿಯಲಿಲ್ಲ. 1763ರಲ್ಲಿ ನವಾಬ ಮೀರ್ ಕಾಸಿಂ ಅವರನ್ನು ಕೊಲ್ಲಿಸಿದ. ಹಾಗಾಗಿ ದುರಾಸೆಗೆ ಶಿಕ್ಷೆಯಾಯಿತು ಎಂಬ ಸಮಾಧಾನಕ್ಕೆ ಇಲ್ಲಿ ಎಡೆಯಿಲ್ಲ. ಎಲ್ಲರಿಗಿಂತ ಹೆಚ್ಚು ಬಾಚಿಕೊಂಡ ಕ್ಲೈವ್, ಪಾರ್ಲಿಮೆಂಟಿನ ವಿಚಾರಣೆಯಲ್ಲಿ ಕೆಂಪು ಕಾಗದದ ಬಗ್ಗೆ ನಾಚಿಕೆ ತೋರದೆ, ಅಂಥ ಪ್ರಸಂಗ ಬಂದರೆ ನೂರು ಸಲ ಬೇಕಾದರೂ ಹಾಗೇ ಮಾಡುತ್ತೇನೆಂಬ ಧಾಟಿಯಲ್ಲಿ ಉತ್ತರಿಸಿದ. ನಿರ್ದಯತೆಯೆಂದು ನಾನು ಕರೆಯುತ್ತಿರುವುದು ಹಣದಾಸೆಯನ್ನಲ್ಲ. ಮನೆಯ ಹೆಂಗಸರು ಸತ್ತು ಎಂಟು ತಿಂಗಳಾಗುವಷ್ಟರಲ್ಲಿ, ಆ ಸಾವಿಗೆ ಕಾರಣರಾದವರ ಒಳ್ಳೆಯತನಕ್ಕೆ ದೇವರ ಹೆಸರಿನಲ್ಲಿ ಜಾಮೀನು ನಿಲ್ಲಬಲ್ಲ ಆ ಮನಸ್ಥಿತಿಯನ್ನು. ಸೇಡಿಗಾಗಿ ಇಂಗ್ಲಿಷರ ವಿರುದ್ಧ ತಿರುಗಿದ್ದರೆ ಅದು ಅರ್ಥವಾಗುತ್ತಿತ್ತು. ಸೇಡಿಗೂ ಅವನ ಖಾತೆಯಲ್ಲಿ ಜಾಗವಿರಲಿಲ್ಲ.

ಇನ್ನು ಆ ಹುಚ್ಚಿನ ಕಥೆ. ಬೆದರಿಕೆಗೆ ಬದಲಾಗಿ ಮೋಸ, ಮೋಸಕ್ಕೆ ಬದಲಾಗಿ ಹುಚ್ಚು: ಕಥೆಗೆ ಒಳ್ಳೆಯ ಮುಕ್ತಾಯ. ದಾಖಲೆಗಳು ಇದಕ್ಕೆ ಒಗ್ಗುವುದಿಲ್ಲ. ಮಾಲ್ಡಾಕ್ಕೆ ತೀರ್ಥಯಾತ್ರೆ ಹೋಗಿ ಬಾ ಎಂದು ಕ್ಲೈವ್ ಅವನಿಗೆ ಸಲಹೆ ಕೊಟ್ಟದ್ದು ನಿಜ. ಆದರೆ ಅದೇ 1757ರ ಆಗಸ್ಟ್ 6ರಂದು ಕ್ಲೈವ್ ಲಂಡನ್ನಿಗೆ ಬರೆದ ಪತ್ರದಲ್ಲಿ ಅಮೀಚಂದನಿಂದ ಕಂಪನಿಗೆ ಇನ್ನೂ ದೊಡ್ಡ ಉಪಯೋಗವಿದೆ, ಅವನನ್ನು ಪೂರ್ತಿ ಕೈಬಿಡಬಾರದು ಎಂಬ ಅಭಿಪ್ರಾಯವಿದೆ. ಬುದ್ಧಿ ಕಳೆದುಕೊಂಡವನಿಗೆ ಯಾರೂ ಇಂಥ ಶಿಫಾರಸು ಬರೆಯುವುದಿಲ್ಲ. ಅವನು ಬರೆಸಿದ ಉಯಿಲು ಕೂಡ ಕಂಗೆಟ್ಟವನ ಕೈಕೆಲಸವಾಗಿ ಕಾಣದು. ಓರ್ಮ್ ಈ ಕಥೆಯನ್ನು ಏಕೆ ನಂಬಿದನೋ ಹೇಳುವುದು ಕಷ್ಟ. ಅದು ಏಕೆ ಅಷ್ಟು ಕಾಲ ಬಾಳಿತೆಂಬುದು ಊಹೆಗೆ ನಿಲುಕುತ್ತದೆ. ಹಣ ಹೋದದ್ದಕ್ಕೆ ಹುಚ್ಚು ಹಿಡಿಯಿತೆಂದರೆ, ಹಣವೊಂದೇ ಅವನ ಸರ್ವಸ್ವವಾಗಿತ್ತು ಎಂದಾಗುತ್ತದೆ, ಅವನಿಗಾದ ಮೋಸಕ್ಕೆ ಅವನ ಸ್ವಭಾವವೇ ಸಮರ್ಥನೆಯಾಗುತ್ತದೆ. 1756ರ ಜೂನ್ ಇದರಲ್ಲಿ ಸದ್ದಿಲ್ಲದೆ ಮಾಯವಾಗುತ್ತದೆ. ಮನೆಯ ಹದಿಮೂರು ಸಾವುಗಳಿಂದ ಹುಚ್ಚು ಹಿಡಿಯದವನಿಗೆ ಒಂದು ಕಾಗದ ಕಂಡು ಹಿಡಿಯಿತೆಂದು ನಂಬುವಾಗ, ನಾವು ಓರ್ಮ್‌ನ ಮೂರ್ಛೆಯ ದೃಶ್ಯವನ್ನು ಅವನದೇ ಪುಸ್ತಕದ ಹಿಂದಿನ ಪುಟಗಳೊಂದಿಗೆ ಇಟ್ಟು ಓದಿಲ್ಲವೆಂದೇ ಅರ್ಥ.

ಆ ಉಯಿಲಿನಲ್ಲಿ ಲಂಡನ್ನಿನ ಫೌಂಡ್ಲಿಂಗ್ ಆಸ್ಪತ್ರೆಗೆ 2,000 ಪೌಂಡ್ ಬಿಟ್ಟಿದ್ದಾನೆ. ಬೀದಿಗೆ ಬಿಟ್ಟ ಕೂಸುಗಳನ್ನು ಸಾಕಲು 1739ರಲ್ಲಿ ಸನ್ನದು ಪಡೆದ ಸಂಸ್ಥೆ ಅದು. ಅದರ ದಾನಿಗಳ ಪಟ್ಟಿಯಲ್ಲಿ ಅಮೀಚಂದ ಕಲ್ಕತ್ತೆಯ ಕರಿಯ ವರ್ತಕನಾಗಿ ನಮೂದಾಗಿದ್ದಾನೆ. ಇದನ್ನು ಪಶ್ಚಾತ್ತಾಪವೆಂದು ಓದುವ ಆಸೆಯನ್ನು ನಾನು ತಡೆಯುತ್ತೇನೆ. ಇಂಗ್ಲಿಷರ ನಡುವೆ ತನ್ನ ಹೆಸರಿಗೆ ಮರ್ಯಾದೆ ಗಳಿಸುವ ಕೊನೆಯ ಖರ್ಚು ಅದಾಗಿರಬಹುದು. ಎರಡೂ ಒಟ್ಟಿಗೇ ಇರಲೂಬಹುದು. ಅವನ ನಿಜವಾದ ನಷ್ಟ ಲೆಕ್ಕಕ್ಕೆ ಬಾರದೆ ಹೋದದ್ದಕ್ಕೆ ಇದಕ್ಕಿಂತ ಗಟ್ಟಿಯಾದ ಸಾಕ್ಷ್ಯ ಬಿಳಿ ಕಾಗದದ ಕರಾರಿನಲ್ಲೇ ಇದೆ. ಕಲ್ಕತ್ತೆಯ ಪತನದಲ್ಲಿ ಆದ ನಷ್ಟಕ್ಕೆ ಮೀರ್ ಜಾಫರ್ ಕೊಡಬೇಕಾದ ಪರಿಹಾರವನ್ನು ಅದು ಹೀಗೆ ಪಟ್ಟಿ ಮಾಡುತ್ತದೆ: ಕಂಪನಿಗೆ 1 ಕೋಟಿ, ಕಲ್ಕತ್ತೆಯ ಇಂಗ್ಲಿಷರಿಗೆ 50 ಲಕ್ಷ, ಹಿಂದೂ, ಮುಸ್ಲಿಂ ಮತ್ತಿತರ ನಿವಾಸಿಗಳಿಗೆ 20 ಲಕ್ಷ, ಅರ್ಮೇನಿಯನ್ನರಿಗೆ 7 ಲಕ್ಷ. ಎಲ್ಲವೂ ಲೂಟಿಯಾದ ಸೊತ್ತಿಗೆ ಸಲ್ಲುವ ಹಣ. ಜುಲೈ ಮೊದಲ ವಾರದಲ್ಲಿ ಮೊದಲ ಕಂತಾಗಿ 72 ಲಕ್ಷಕ್ಕೂ ಹೆಚ್ಚು ರೂಪಾಯಿ 700 ಪೆಟ್ಟಿಗೆಗಳಲ್ಲಿ, ನೂರು ದೋಣಿಗಳ ಸಾಲಿನಲ್ಲಿ ಗಂಗೆಯ ಮೇಲೆ ಕಲ್ಕತ್ತೆಗೆ ಸಾಗಿತು. ನವಾಬನ ದಂಡು ಮಾಡಿದ ಹಾನಿಗೆ ನವಾಬನ ಬೊಕ್ಕಸ ಹಣ ತೆತ್ತಿತು. ಅಮೀಚಂದನ ಮನೆಯನ್ನು ನವಾಬನ ದಂಡು ಬರುವ ಮೊದಲೇ ಮುತ್ತಿದ್ದು ಕಂಪನಿಯ ಸಿಪಾಯಿಗಳು. ಆ ಹಾನಿಗೆ ಎರಡೂ ಕಾಗದಗಳಲ್ಲಿ ಯಾರನ್ನೂ ಸಾಲಗಾರನೆಂದು ಬರೆದಿರಲಿಲ್ಲ. ತನ್ನ ಶೇಕಡಾ 5ನ್ನು ಅಷ್ಟು ಜಿಗುಟಾಗಿ ಚೌಕಾಶಿ ಮಾಡಿದ ಸಾಹುಕಾರನೂ ಆ ಬಾಬತ್ತನ್ನು ಬರೆಸಲು ಕೇಳಿದ್ದಕ್ಕೆ ವಾಟ್ಸ್, ಕ್ಲೈವ್, ಓರ್ಮ್ ಹೇಳುವ ಅವನ ಬೇಡಿಕೆಗಳ ಕಥೆಯಲ್ಲಿ ಸುಳಿವಿಲ್ಲ.